ಹ್ಯಾಂಕ್ ಏರನ್: ಜಾಕ್ಸನ್‌ವಿಲ್‌ನ ಬೇಸಿಗೆ

ಮಕ್ಕಳೇ, ಹ್ಯಾಂಕ್ ಏರನ್ ಎಂದ ಕೂಡಲೇ ನಿಮ್ಮಲ್ಲಿ ಬೇಸ್‌ಬಾಲ್ ಆಡುವವರ ಬಾಯಿಗೆ ಬರುವುದು 755. ಅಮೆರಿಕದ ಮೇಜರ್ ಲೀಗಿನಲ್ಲಿ ಅವರು ಹೊಡೆದ ಹೋಮ್ ರನ್‌ಗಳ ಲೆಕ್ಕ ಅದು. 1974ರ ಏಪ್ರಿಲ್ 8ರಂದು ಅವರು ಬೇಬ್ ರೂತ್ ಅವರ 714ರ ದಾಖಲೆ ಮುರಿದ ಕಥೆಯನ್ನೂ ಕೇಳಿರುತ್ತೀರಿ. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು 1953ರ ಬೇಸಿಗೆ. ಆಗ ಹ್ಯಾಂಕ್‌ಗೆ ಹತ್ತೊಂಬತ್ತು ವರ್ಷ.

ಹುಟ್ಟಿದ್ದು 1934ರಲ್ಲಿ, ಅಲಬಾಮದ ಮೊಬೀಲ್‌ನಲ್ಲಿ. ಬ್ಯಾಟು, ಚೆಂಡು ಕೊಳ್ಳಲು ಮನೆಯಲ್ಲಿ ದುಡ್ಡಿರಲಿಲ್ಲ. ಪೊರಕೆಯ ಕೋಲಿನಿಂದ ಬಾಟಲಿ ಮುಚ್ಚಳಗಳನ್ನು ಹೊಡೆಯುತ್ತಾ ಆಟ ಕಲಿತ. ಬಲಗೈ ಆಟಗಾರನಾದರೂ ಎಡಗೈಯನ್ನು ಮೇಲಿಟ್ಟು ಬ್ಯಾಟ್ ಹಿಡಿಯುತ್ತಿದ್ದ. ಒಮ್ಮೆ ಹಾಗೆ ಹಿಡಿದು ಬೀಸಿ ನೋಡಿ, ಎಷ್ಟು ಕಷ್ಟವೆಂದು ಗೊತ್ತಾಗುತ್ತದೆ!

1952ರಲ್ಲಿ ಇಂಡಿಯನಾಪೊಲಿಸ್ ಕ್ಲೌನ್ಸ್ ಎಂಬ ಕಪ್ಪು ಆಟಗಾರರ ತಂಡ ಸೇರಿದ. ಆ ದಿನಗಳಲ್ಲಿ ವಾಷಿಂಗ್ಟನ್‌ನ ಒಂದು ಹೋಟೆಲಿನಲ್ಲಿ ತಂಡದವರು ತಿಂಡಿ ತಿಂದರು. ಅವರು ಉಂಡ ತಟ್ಟೆಗಳನ್ನು ಅಡುಗೆಮನೆಯಲ್ಲಿ ಒಡೆದು ಹಾಕುವ ಸದ್ದು ಹ್ಯಾಂಕ್ ಕಿವಿಗೆ ಬಿತ್ತು. ಕಪ್ಪು ಜನ ಮುಟ್ಟಿದ ತಟ್ಟೆಯನ್ನು ತೊಳೆದು ಇನ್ನೊಬ್ಬರಿಗೆ ಕೊಡಲೂ ಹೋಟೆಲಿನವರಿಗೆ ಮನಸ್ಸಿರಲಿಲ್ಲ. ಇದು ಬೇರೆ ದೇಶದ ಕಥೆ ಎಂದು ನಾವು ದೂರ ನಿಲ್ಲುವ ಹಾಗಿಲ್ಲ. ನಮ್ಮ ಊರುಗಳ ಹೋಟೆಲುಗಳಲ್ಲೂ ದಲಿತರಿಗೆ ಬೇರೆ ಲೋಟ ಇಡುತ್ತಿದ್ದರು. ಅಜ್ಜ, ಅಜ್ಜಿಯನ್ನು ಕೇಳಿ, ಹೇಳುತ್ತಾರೆ.

ಅದೇ ವರ್ಷ ಬ್ರೇವ್ಸ್ ಎಂಬ ಮೇಜರ್ ಲೀಗ್ ತಂಡ ಅವನನ್ನು ಕೊಂಡು, ವಿಸ್ಕಾನ್ಸಿನ್‌ನ ಓ ಕ್ಲೇರ್ ಊರಿನ ತನ್ನ ಮೈನರ್ ಲೀಗ್ ತಂಡಕ್ಕೆ ಕಳಿಸಿತು. ನಮ್ಮಲ್ಲಿ ರಣಜಿ ಆಡಿ ಭಾರತ ತಂಡಕ್ಕೆ ಬರುವಂತೆ ಅಲ್ಲಿ ಮೈನರ್ ಲೀಗಿನ ಮೆಟ್ಟಿಲುಗಳನ್ನು ಹತ್ತಿ ಮೇಜರ್‌ಗೆ ಹೋಗಬೇಕು. ಅಷ್ಟರಲ್ಲಿ ಬ್ಯಾಟ್ ಹಿಡಿಯುವ ರೀತಿ ಸರಿಹೋಗಿತ್ತು, ಆದರೆ ಮನೆಯ ನೆನಪು ಬಿಡಲಿಲ್ಲ. ಬಿಟ್ಟು ಬರುತ್ತೇನೆಂದು ಹೊರಟವನನ್ನು ಅಣ್ಣ ಫೋನಿನಲ್ಲೇ ತಡೆದ. ಆ ಸಾಲಿನಲ್ಲಿ ಓ ಕ್ಲೇರ್ ತಂಡ ಆಡುತ್ತಿದ್ದ ಲೀಗಿನ ಶ್ರೇಷ್ಠ ಹೊಸ ಆಟಗಾರ ಹ್ಯಾಂಕೇ.

ಮರುವರ್ಷ ಬ್ರೇವ್ಸ್ ಅವನನ್ನು ಫ್ಲೋರಿಡದ ಜಾಕ್ಸನ್‌ವಿಲ್ ತಂಡಕ್ಕೆ ಕಳಿಸಿತು. ಅಲ್ಲಿನ ಸೌತ್ ಅಟ್ಲಾಂಟಿಕ್ ಲೀಗಿನಲ್ಲಿ ಅದುವರೆಗೆ ಕಪ್ಪು ಆಟಗಾರರೇ ಇರಲಿಲ್ಲ. ಜಾಕ್ಸನ್‌ವಿಲ್ ಮತ್ತು ಸವಾನಾ ತಂಡಗಳು ಆ ಗೋಡೆ ಒಡೆದವು. ಜಾಕ್ಸನ್‌ವಿಲ್ ತಂಡದಲ್ಲಿದ್ದವರು ಮೂವರು: ಹ್ಯಾಂಕ್, ಪೋರ್ಟೊರಿಕೊದ ಫೆಲಿಕ್ಸ್ ಮಾಂಟಿಯಾ, ಇವರಿಬ್ಬರಿಗಿಂತ ದೊಡ್ಡವನಾದ ಹೊರೇಸ್ ಗಾರ್ನರ್. ದಾರಿಯಲ್ಲಿ ಊಟಕ್ಕೆ ನಿಂತಾಗ ಬಿಳಿಯ ಆಟಗಾರರು ಒಳಗೆ ಹೋಗುತ್ತಿದ್ದರು, ಈ ಮೂವರು ಬಸ್ಸಿನಲ್ಲೇ ಕೂರುತ್ತಿದ್ದರು. ಅವರ ಊಟವನ್ನು ಯಾರಾದರೂ ಹೊರಗೆ ತಂದು ಕೊಡಬೇಕಿತ್ತು. ರಾತ್ರಿ ತಂಡ ಹೋಟೆಲಿನಲ್ಲಿ ತಂಗಿದರೆ ಇವರಿಗೆ ಕಪ್ಪು ಜನರ ಕೇರಿಯ ಯಾರದೋ ಮನೆ. ಮ್ಯಾನೇಜರ್ ಬೆನ್ ಗೆರಾಟಿ ಅಲ್ಲಿಗೇ ಬಂದು ಇವರ ಜೊತೆ ಕೂತು ಆಟದ ಮಾತಾಡುತ್ತಿದ್ದರು. ಬಿಳಿಯರಾಗಿದ್ದ ಅವರು ಆ ಕಾಲದಲ್ಲಿ ಹಾಗೆ ಮಾಡಿದ್ದು ಸಣ್ಣ ವಿಷಯವಲ್ಲ. ಏರನ್ ಕೊನೆಯವರೆಗೂ ಅವರನ್ನು ಗೌರವದಿಂದ ನೆನೆದರು.

ಮೈದಾನದಲ್ಲಿ ಬೈಗುಳ, ಜೊತೆಗೆ ಬೆದರಿಕೆ. ಮೈಗೆ ಗುರಿಯಿಟ್ಟು ಚೆಂಡೆಸೆದಾಗ ತಿರುಗಿ ಬೀಳುವಂತಿಲ್ಲ, ಬಿದ್ದರೆ ಇಡೀ ಕ್ರೀಡಾಂಗಣವೇ ಹೊತ್ತಿಕೊಳ್ಳಬಹುದಿತ್ತು. ಹೀಗೆಲ್ಲ ಇದ್ದೂ ಹ್ಯಾಂಕ್ ಆಡಿದ್ದು ನೋಡಿ: ಸರಾಸರಿ .362, ಹೋಮ್ ರನ್ 22, ತಂಡಕ್ಕೆ ತಂದುಕೊಟ್ಟ ರನ್ 125. ನೂರರಲ್ಲಿ ಮೂವತ್ತು ಸಲ ಹಿಟ್ ಆದರೇ ಒಳ್ಳೆಯ ಬ್ಯಾಟರ್ ಎನ್ನುವ ಆಟದಲ್ಲಿ ಇವನದು ಮೂವತ್ತಾರು! ಲೀಗಿನ ಅತ್ಯುತ್ತಮ ಆಟಗಾರ ಪ್ರಶಸ್ತಿ ಅವನಿಗೇ ಬಂತು. ಬಸ್ಸಿನೊಳಗೆ ಊಟಕ್ಕೆ ಕಾಯುತ್ತಾ ಕೂತ ಹುಡುಗನಿಗೆ, ಅದೇ ಊರುಗಳ ಮೈದಾನದಲ್ಲಿ.

1954ರ ಮಾರ್ಚ್‌ನಲ್ಲಿ ಬ್ರೇವ್ಸ್‌ನ ಬಾಬಿ ಥಾಮ್ಸನ್ ಕಾಲಿನ ಕೀಲು ಮುರಿದುಕೊಂಡರು. ಜಾಗ ಖಾಲಿಯಾಯಿತು, ಹ್ಯಾಂಕ್ ಮೇಜರ್ ಲೀಗಿಗೆ ಹೋದ. ಮುಂದೆ ಮಾಂಟಿಯಾ ಕೂಡ ಬಂದ. 1957ರಲ್ಲಿ ಮೇಜರ್ ಲೀಗಿನ ಅಂತಿಮ ಸರಣಿಯಾದ ವರ್ಲ್ಡ್ ಸೀರೀಸ್ ಗೆದ್ದ ಮಿಲ್ವಾಕಿ ಬ್ರೇವ್ಸ್ ತಂಡದಲ್ಲಿ ಇಬ್ಬರೂ ಇದ್ದರು.

ಹೊರೇಸ್ ಗಾರ್ನರ್‌ಗೆ ಮೇಜರ್ ಲೀಗಿನಲ್ಲಿ ಒಂದು ಪಂದ್ಯವೂ ಸಿಗಲಿಲ್ಲ. ಬಾಗಿಲು ತೆರೆಯುವ ಹೊತ್ತಿಗೆ ಅವನ ಆಟದ ವಯಸ್ಸು ಕಳೆಯುತ್ತಾ ಬಂದಿತ್ತು. ಶಾಲೆಯಲ್ಲಿ ಏರನ್ ಬಗ್ಗೆ ಪ್ರಾಜೆಕ್ಟ್ ಮಾಡುವಾಗ ಗಾರ್ನರ್‌ಗೂ ಒಂದು ಪುಟ ಇಡಿ.