ಸ್ಯಾಮ್ ಮೆಗ್ವೈರ್ ಮತ್ತು ಬೆಳ್ಳಿಯ ಪಾತ್ರೆ

ಐರ್ಲೆಂಡಿನ ರಾಜಧಾನಿ ಡಬ್ಲಿನ್ ನಗರದ ಕ್ರೋಕ್ ಪಾರ್ಕ್ ಕ್ರೀಡಾಂಗಣದಲ್ಲಿ ವರ್ಷಕ್ಕೊಮ್ಮೆ ಗೇಲಿಕ್ ಫುಟ್‌ಬಾಲಿನ ಅಖಿಲ ಐರ್ಲೆಂಡ್ ಅಂತಿಮ ಪಂದ್ಯ ಜರುಗುತ್ತದೆ. ವಿಜೇತ ತಂಡದ ನಾಯಕನು ಎತ್ತಿ ಹಿಡಿಯುವ ಬೆಳ್ಳಿಯ ಪಾತ್ರೆಗೆ ಸ್ಯಾಮ್ ಮೆಗ್ವೈರ್ ಎಂಬ ಆಟಗಾರನ ಹೆಸರಿದೆ. ಅದರ ಆಕಾರವು ಬಲಿಪೂಜೆಯ ಪಾನಪಾತ್ರೆಯೊಂದರ ಪಡಿಯಚ್ಚು. ಆದರೆ ಮೆಗ್ವೈರ್ ಕಥೋಲಿಕರಾಗಿರಲಿಲ್ಲ. ಅಖಿಲ ಐರ್ಲೆಂಡ್ ಅಂತಿಮ ಪಂದ್ಯವೊಂದನ್ನೂ ಗೆದ್ದವರಲ್ಲ.

ಅವರು 1877ರಲ್ಲಿ ಕಾರ್ಕ್ ಪ್ರಾಂತದ ಡನ್‌ಮಾನ್ವೇ ಪಟ್ಟಣದ ಸಮೀಪ, ಪ್ರೊಟೆಸ್ಟಂಟ್ ರೈತ ಕುಟುಂಬವೊಂದರಲ್ಲಿ ಜನಿಸಿದರು. ಸುತ್ತಲಿನವರು ಬಹುಪಾಲು ಕಥೋಲಿಕರು. ತಾರುಣ್ಯದಲ್ಲಿಯೇ ಪರೀಕ್ಷೆ ಬರೆದು ಲಂಡನ್ನಿನ ಅಂಚೆ ಇಲಾಖೆಯಲ್ಲಿ ನೌಕರಿ ಪಡೆದರು. ಅಲ್ಲಿ ನೆಲೆಸಿದ್ದ ಐರಿಷ್ ಯುವಕರ ಲಂಡನ್ ಹೈಬರ್ನಿಯನ್ಸ್ ಸಂಘವೇ ಅವರ ಮನೆಯಾಯಿತು.

ಗೇಲಿಕ್ ಫುಟ್‌ಬಾಲ್ ನಮ್ಮ ಮಕ್ಕಳು ಆಡುವ ಫುಟ್‌ಬಾಲ್ ಅಲ್ಲ. ಇಲ್ಲಿ ಚೆಂಡನ್ನು ಕೈಯಲ್ಲಿ ಹಿಡಿಯಬಹುದು, ಮುಷ್ಟಿಯಿಂದ ಗುದ್ದಬಹುದು, ಒದೆಯಲೂಬಹುದು. ಇದನ್ನು ನಡೆಸುವ ಗೇಲಿಕ್ ಅಥ್ಲೆಟಿಕ್ ಸಂಘವು 1884ರಲ್ಲಿ ಥರ್ಲ್ಸ್ ಪಟ್ಟಣದಲ್ಲಿ ಹುಟ್ಟಿತು. ಕ್ಯಾಶೆಲ್ಲಿನ ಮಹಾಧರ್ಮಾಧ್ಯಕ್ಷ ಥಾಮಸ್ ಕ್ರೋಕ್ ಅದರ ಪೋಷಕರಾದರು. ಕ್ರೀಡಾಂಗಣಕ್ಕಿರುವುದು ಅವರದೇ ಹೆಸರು. ಹಳ್ಳಿಗಳಲ್ಲಿ ತಂಡಗಳು ಕಟ್ಟಿಕೊಂಡದ್ದು ಬಹುಮಟ್ಟಿಗೆ ಧರ್ಮಕೇಂದ್ರಗಳ ಮೇರೆಯಲ್ಲಿ. ಇಂತಹ ಆಟದಲ್ಲಿ ಪ್ರೊಟೆಸ್ಟಂಟ್ ಯುವಕನೊಬ್ಬನು ಲಂಡನ್ ತಂಡದ ನಾಯಕನಾದನೆಂಬುದು ಸಾಮಾನ್ಯ ಸಂಗತಿಯಲ್ಲ. ಅವರ ತಂಡವು 1900, 1901 ಮತ್ತು 1903ರ ಸಾಲಿನ ಅಂತಿಮ ಪಂದ್ಯಗಳಲ್ಲಿ ಕ್ರಮವಾಗಿ ಟಿಪ್ಪರರಿ, ಡಬ್ಲಿನ್ ಮತ್ತು ಕೆರ್ರಿ ತಂಡಗಳಿಗೆ ಸೋತಿತು. ಅನಂತರ ಅವರು ಲಂಡನ್ ಮಂಡಳಿಯ ಅಧ್ಯಕ್ಷರಾದರು.

ಅವರ ಬಾಳಿನ ಮತ್ತೊಂದು ಮುಖದ ಬಗ್ಗೆ ನಾವು ಮೌನ ತಾಳಲಾರೆವು. ಐರ್ಲೆಂಡಿನ ಬಿಡುಗಡೆಗಾಗಿ ಶಸ್ತ್ರ ಹಿಡಿಯಲು ಸಿದ್ಧವಾಗಿದ್ದ ರಿಪಬ್ಲಿಕನ್ ಬ್ರದರ್‌ಹುಡ್ ಎಂಬ ರಹಸ್ಯ ಕೂಟದಲ್ಲಿ ಅವರು ಪ್ರಮುಖರು. ಅಂಚೆ ನೌಕರನೇ ಆಗಿದ್ದ ಮೈಕೆಲ್ ಕಾಲಿನ್ಸ್ ಎಂಬ ಕಥೋಲಿಕ ತರುಣನಿಗೆ 1909ರಲ್ಲಿ ಪ್ರತಿಜ್ಞೆ ಬೋಧಿಸಿದವರು ಅವರೇ. ಮುಂದೆ 1919ರಿಂದ 1921ರವರೆಗಿನ ಸ್ವಾತಂತ್ರ್ಯ ಸಮರದಲ್ಲಿ ಕಾಲಿನ್ಸ್ ಡಬ್ಲಿನ್ನಿನಲ್ಲಿ ಗುಪ್ತಚರ ಜಾಲ ನಡೆಸಿದಾಗ, ಮೆಗ್ವೈರ್ ಲಂಡನ್ನಿನಿಂದ ಸುದ್ದಿಯನ್ನೂ ಆಯುಧಗಳನ್ನೂ ಕಳುಹಿಸುತ್ತಿದ್ದರು. ಈ ಕೂಟದ ಹಿಂದಿನ ಫೀನಿಯನ್ ಚಳುವಳಿಯನ್ನು ಧರ್ಮಸಭೆಯು 1870ರಲ್ಲಿಯೇ ಖಂಡಿಸಿತ್ತು. ಆ ನಿಷೇಧ ಮೆಗ್ವೈರರನ್ನು ಕಟ್ಟಿಹಾಕುವಂತಿರಲಿಲ್ಲ. ಅವರ ಕೈಯಿಂದ ಪ್ರತಿಜ್ಞೆ ಪಡೆದ ಕಥೋಲಿಕ ತರುಣರ ಮನಸ್ಸಾಕ್ಷಿಯನ್ನು ಅದು ಕಾಡದೆ ಇದ್ದಿರಲಾರದು. ಉದ್ದೇಶ ಒಳಿತಾದ ಮಾತ್ರಕ್ಕೆ ಮಾರ್ಗ ಒಳಿತಾಗದೆಂಬ ನೀತಿಶಾಸ್ತ್ರದ ಮಾತನ್ನು ನಾವು ಕೈಬಿಡಲಾರೆವು. ಆದರೂ ಆ ಮನುಷ್ಯನಲ್ಲಿ ಸ್ವಾರ್ಥದ ಲವಲೇಶವೂ ಕಾಣುವುದಿಲ್ಲ.

ಸ್ವತಂತ್ರ ರಾಷ್ಟ್ರವು ಅವರನ್ನು ಆದರಿಸಲಿಲ್ಲ. ಲಂಡನ್ ತೊರೆದು ಡಬ್ಲಿನ್ನಿಗೆ ಬಂದ ಅವರಿಗೆ ಸರಕಾರಿ ಕೆಲಸವೇನೋ ದೊರೆಯಿತು. ಆದರೆ 1924ರ ಸೇನಾ ಬಂಡಾಯದ ತರುವಾಯ, ಅತೃಪ್ತರ ಪಕ್ಷದವರೆಂಬ ಕಾರಣಕ್ಕೆ ನೌಕರಿಯೂ ಪಿಂಚಣಿಯೂ ಕೈತಪ್ಪಿದವು. ಬಡತನದಲ್ಲಿ, ಕ್ಷಯರೋಗಪೀಡಿತರಾಗಿ ಹುಟ್ಟೂರಿಗೆ ಮರಳಿ, 1927ರ ಫೆಬ್ರವರಿ 6ರಂದು ತೀರಿಕೊಂಡರು. ಆಗ ಅವರಿಗೆ ಇನ್ನೂ ಐವತ್ತು ತುಂಬಿರಲಿಲ್ಲ. ಡನ್‌ಮಾನ್ವೇಯ ಪ್ರೊಟೆಸ್ಟಂಟ್ ದೇವಾಲಯದ ಅಂಗಳದಲ್ಲಿ ಅವರ ಸಮಾಧಿಯಿದೆ.

ಗೆಳೆಯರು ಅವರನ್ನು ಮರೆಯಲಿಲ್ಲ. ಹಣ ಕೂಡಿಸಿ ಬೆಳ್ಳಿಯ ಪಾತ್ರೆಯೊಂದನ್ನು ಮಾಡಿಸಿ 1928ರಲ್ಲಿ ಸಂಘಕ್ಕೆ ಒಪ್ಪಿಸಿದರು. ಮಾದರಿಯಾಗಿ ಆರಿಸಿಕೊಂಡದ್ದು ಆರ್ಡಾ ಪಾನಪಾತ್ರೆಯನ್ನು. ಎಂಟನೆಯ ಶತಮಾನದ್ದೆನ್ನಲಾದ ಈ ಪಾತ್ರೆಯು 1868ರಲ್ಲಿ ಲಿಮರಿಕ್ ಪ್ರಾಂತದ ಆರ್ಡಾ ಗ್ರಾಮದಲ್ಲಿ ಆಲೂಗೆಡ್ಡೆ ಅಗೆಯುವಾಗ ಮಣ್ಣಿನಡಿ ದೊರಕಿತು. ಎರಡು ಹಿಡಿಗಳ ಅಗಲವಾದ ಬೋಗುಣಿ. ಅಂಚಿನ ಕೆಳಗೆ ಪ್ರೇಷಿತರ ಹೆಸರುಗಳ ಸಣ್ಣ ಕೆತ್ತನೆ. ನೆರೆದ ಭಕ್ತರಿಗೆಲ್ಲ ಪ್ರಭುವಿನ ರಕ್ತವನ್ನು ಹಂಚಲು ಇದನ್ನು ಬಳಸುತ್ತಿದ್ದಿರಬೇಕೆಂದು ತಜ್ಞರ ಅಭಿಪ್ರಾಯ. ಕಥೋಲಿಕ ಗೆಳೆಯರು ಪ್ರೊಟೆಸ್ಟಂಟ್ ಮಿತ್ರನ ನೆನಪಿಗೆ ಇದಕ್ಕಿಂತ ಆಪ್ತವಾದ ರೂಪವನ್ನು ಹುಡುಕಲಾರರಾಗಿದ್ದರೆಂದು ನಮಗನ್ನಿಸುತ್ತದೆ.

ಮೊದಲ ವರ್ಷ ಅದನ್ನು ಗೆದ್ದವರು ಕಿಲ್ಡೇರ್ ತಂಡದವರು. ಕ್ಯಾವನ್ ಒಂದೇ ಅಂಕದಿಂದ ಸೋತಿತು. ಅರುವತ್ತು ವರ್ಷ ಕೈಯಿಂದ ಕೈಗೆ ಸಾಗಿ ಸವೆದ ಆ ಪಾತ್ರೆಗೆ 1988ರಲ್ಲಿ ವಿಶ್ರಾಂತಿ ನೀಡಿ, ಅದರ ತದ್ರೂಪವನ್ನು ಬಳಕೆಗೆ ತಂದರು. ಹಳೆಯದು ಕ್ರೋಕ್ ಪಾರ್ಕಿನ ವಸ್ತುಸಂಗ್ರಹಾಲಯದಲ್ಲಿದೆ; ಅದೇ ನಗರದ ರಾಷ್ಟ್ರೀಯ ವಸ್ತುಸಂಗ್ರಹಾಲಯದಲ್ಲಿ ಆರ್ಡಾದ ಮೂಲ ಪಾತ್ರೆಯನ್ನೂ ನೋಡಬಹುದು.