ಗಿಟಾರ್ ವಾದಕ ಜಿಮಿ ಹೆಂಡ್ರಿಕ್ಸ್

ಅಮೆರಿಕ ಸಂಯುಕ್ತ ಸಂಸ್ಥಾನದ ವಾಯವ್ಯ ಮೂಲೆಯಲ್ಲಿ ಸಿಯಾಟಲ್ ಎಂಬ ಬಂದರು ನಗರವಿದೆ. ಜಿಮಿ ಹೆಂಡ್ರಿಕ್ಸ್ 1942ರ ನವೆಂಬರ್ 27ರಂದು ಅಲ್ಲಿನ ಬಡ ಕುಟುಂಬವೊಂದರಲ್ಲಿ ಜನಿಸಿದನು. ಎರಡನೆಯ ಮಹಾಯುದ್ಧದ ಆ ದಿನಗಳಲ್ಲಿ ತಂದೆ ಆಲ್ ಸೈನ್ಯದಲ್ಲಿದ್ದನು. ತಾಯಿ ಲೂಸಿಲ್‌ಗೆ ಆಗಿನ್ನೂ ಹದಿನೇಳು ವರ್ಷ. ಯುದ್ಧ ಮುಗಿದು ತಂದೆ ಮರಳಿದರೂ ಮನೆಯಲ್ಲಿ ನೆಮ್ಮದಿ ನೆಲಸಲಿಲ್ಲ. 1951ರಲ್ಲಿ ತಂದೆತಾಯಿಗಳು ಬೇರೆಯಾದರು. ಹುಡುಗನಿಗೆ ಹದಿನೈದು ವರ್ಷವಾಗಿದ್ದಾಗ ತಾಯಿ ತೀರಿಕೊಂಡಳು.

ಸಂಗೀತದ ಹುಚ್ಚು ಅವನಿಗೆ ಚಿಕ್ಕಂದಿನಿಂದಲೇ ಇತ್ತು. ಗಿಟಾರ್ ಕೊಳ್ಳುವ ಶಕ್ತಿಯಿಲ್ಲದೆ ಪೊರಕೆಯನ್ನೇ ಗಿಟಾರಿನಂತೆ ಹಿಡಿದು ನುಡಿಸುವ ಅಭಿನಯ ಮಾಡುತ್ತಿದ್ದನು. ಒಮ್ಮೆ ತಂದೆಯೊಡನೆ ಒಂದು ಮನೆಯ ಕಸವನ್ನು ತೆರವು ಮಾಡುತ್ತಿದ್ದಾಗ, ಒಂದೇ ತಂತಿ ಉಳಿದಿದ್ದ ಯೂಕಲೀಲಿ ಎಂಬ ಪುಟ್ಟ ವಾದ್ಯ ಸಿಕ್ಕಿತು. ಆ ಒಂದು ತಂತಿಯ ಮೇಲೆಯೇ ಅವನು ಕೇಳಿದ ಹಾಡುಗಳನ್ನು ಹುಡುಕುತ್ತಾ ಹೋದನು. 1958ರಲ್ಲಿ ಐದು ಡಾಲರಿಗೆ ಒಂದು ಹಳೆಯ ಗಿಟಾರ್ ದೊರೆಯಿತು.

ಹೆಂಡ್ರಿಕ್ಸ್ ಎಡಚನಾಗಿದ್ದನು. ಗಿಟಾರುಗಳಾದರೋ ಬಹುಮಟ್ಟಿಗೆ ಬಲಗೈಯವರಿಗಾಗಿ ಮಾಡಿದವು. ಎಡಗೈಯಲ್ಲಿ ಉಣ್ಣುವ, ಬರೆಯುವ ಮಕ್ಕಳನ್ನು ಗದರಿಸಿ ತಿದ್ದುವುದು ನಮ್ಮ ಮನೆಗಳಲ್ಲಿಯೂ ಇದ್ದುದೇ. ಅವನ ತಂದೆಗೂ ಮಗ ಎಡಗೈಯಲ್ಲಿ ನುಡಿಸುವುದು ಹಿಡಿಸುತ್ತಿರಲಿಲ್ಲ. ಆದರೆ ಅವನು ಬಲಗೈ ಗಿಟಾರನ್ನೇ ತಲೆಕೆಳಗಾಗಿ ಹಿಡಿದು, ತಂತಿಗಳನ್ನು ಬಿಚ್ಚಿ ಅದಲುಬದಲಾಗಿ ಬಿಗಿದುಕೊಂಡನು. ಕೊನೆಯವರೆಗೂ ಅವನು ನುಡಿಸಿದ್ದು ಹೆಚ್ಚಾಗಿ ಹೀಗೆಯೇ. ಸ್ವರಲಿಪಿಯನ್ನು ಓದುವುದನ್ನು ಅವನು ಎಂದೂ ಕಲಿಯಲಿಲ್ಲ.

ಶಾಲೆಯ ಓದು ಅರ್ಧಕ್ಕೆ ನಿಂತಿತು. ಕದ್ದ ಕಾರುಗಳಲ್ಲಿ ಸಿಕ್ಕಿಬಿದ್ದ ಅವನ ಮುಂದೆ ಸೆರೆಮನೆ ಇಲ್ಲವೆ ಸೈನ್ಯ ಎಂಬ ಎರಡೇ ದಾರಿಗಳು ಉಳಿದವು. 1961ರಲ್ಲಿ ಸೈನ್ಯಕ್ಕೆ ಸೇರಿ, ವಿಮಾನದಿಂದ ಧುಮುಕುವ ಪ್ಯಾರಾಚೂಟ್ ಪಡೆಯಲ್ಲಿ ತರಬೇತಿ ಪಡೆದನು. ಮನಸ್ಸೆಲ್ಲ ಗಿಟಾರಿನ ಮೇಲಿದ್ದ ಯುವಕ ಸೇನೆಯ ಶಿಸ್ತಿಗೆ ಹೊಂದಿಕೊಳ್ಳಲಿಲ್ಲ. ಮರುವರ್ಷವೇ ಅವನನ್ನು ಬಿಡುಗಡೆ ಮಾಡಿದರು. ಅನಂತರದ ನಾಲ್ಕು ವರ್ಷ ಊರೂರು ಅಲೆಯುತ್ತ, ಲಿಟ್ಲ್ ರಿಚರ್ಡ್ ಮೊದಲಾದ ಹೆಸರಾಂತ ಗಾಯಕರಿಗೆ ಹಿನ್ನೆಲೆ ವಾದಕನಾಗಿ ದುಡಿದನು. ಮುಂದೆ ನಿಂತ ಗಾಯಕನಿಗಿಂತ ಹಿಂದಿರುವ ವಾದಕ ಎದ್ದು ಕಾಣಬಾರದೆಂಬುದು ಆ ವೃತ್ತಿಯ ಕಟ್ಟಳೆ. ಹೆಂಡ್ರಿಕ್ಸನಿಗೆ ಅದನ್ನು ಪಾಲಿಸುವುದು ಸಾಧ್ಯವಾಗಲಿಲ್ಲ.

1966ರಲ್ಲಿ ನ್ಯೂಯಾರ್ಕಿನಲ್ಲಿ ಅವನ ವಾದನವನ್ನು ಕೇಳಿದ ಚಾಸ್ ಚಾಂಡ್ಲರ್ ಎಂಬ ಇಂಗ್ಲಿಷ್ ಸಂಗೀತಗಾರನು ಅವನನ್ನು ಲಂಡನ್ನಿಗೆ ಕರೆದೊಯ್ದನು. ಅಲ್ಲಿ ನೋಯೆಲ್ ರೆಡ್ಡಿಂಗ್ ಮತ್ತು ಮಿಚ್ ಮಿಚೆಲ್ ಎಂಬಿಬ್ಬರೊಡನೆ ಮೂವರ ತಂಡ ಕಟ್ಟಿ, ಕೆಲವೇ ತಿಂಗಳಲ್ಲಿ ಅವನು ಮನೆಮಾತಾದನು.

ಅವನು ಸಾಧಿಸಿದ ಹೊಸತನವೇನು? ವಿದ್ಯುತ್ ಗಿಟಾರಿನಲ್ಲಿ ಉಕ್ಕಿನ ತಂತಿಗಳ ಕೆಳಗೆ, ಸುರುಳಿ ಸುತ್ತಿದ ಅಯಸ್ಕಾಂತಗಳಿರುತ್ತವೆ. ತಂತಿಯ ಕಂಪನದಿಂದ ಸುರುಳಿಯಲ್ಲಿ ಕ್ಷೀಣವಾದ ವಿದ್ಯುತ್ ಹುಟ್ಟುತ್ತದೆ. ಅದನ್ನು ಹಿಗ್ಗಿಸಿ ಧ್ವನಿವರ್ಧಕದ ಮೂಲಕ ಕೇಳಿಸುತ್ತಾರೆ. ಧ್ವನಿ ಅತಿಯಾದರೆ ಅದೇ ಮರಳಿ ಬಂದು ತಂತಿಯನ್ನು ನಡುಗಿಸುತ್ತದೆ. ಆ ನಡುಕ ಮತ್ತೆ ಧ್ವನಿಯಾಗಿ, ಕಿವಿಗಡಚಿಕ್ಕುವ ಕೂಗು ಏಳುತ್ತದೆ. ವಾದಕರು ಸಾಮಾನ್ಯವಾಗಿ ಇದನ್ನು ದೋಷವೆಂದು ತಿಳಿದು ತಪ್ಪಿಸಿಕೊಳ್ಳುತ್ತಿದ್ದರು. ಅವನಿಗೆ ಮೊದಲೂ ಕೆಲವರು ಇದನ್ನು ಬಳಸಿದ್ದುಂಟು. ಹೆಂಡ್ರಿಕ್ಸನಾದರೋ ಧ್ವನಿವರ್ಧಕಕ್ಕೆ ಹತ್ತಿರ ಸರಿದು, ದೂರ ನಿಂತು, ಗಿಟಾರನ್ನು ಓರೆಮಾಡಿ, ಆ ಕೂಗನ್ನು ಪಳಗಿಸಿ ಸ್ವರವನ್ನಾಗಿ ಮಾಡಿಕೊಂಡನು.

1967ರ ಜೂನ್ ತಿಂಗಳಲ್ಲಿ ಕ್ಯಾಲಿಫೋರ್ನಿಯದ ಮಾಂಟೆರೆ ಉತ್ಸವದ ಕಚೇರಿಯ ಕೊನೆಗೆ ಅವನು ತನ್ನ ಗಿಟಾರಿಗೆ ಬೆಂಕಿಯಿಟ್ಟನು. ವಾದ್ಯಕ್ಕೆ ಕೈಮುಗಿದು ನುಡಿಸಲು ಕುಳಿತುಕೊಳ್ಳುವ ಸಂಪ್ರದಾಯದವರಿಗೆ ಈ ಕೆಲಸ ಒಪ್ಪಿಗೆಯಾಗುವುದು ಕಷ್ಟ. ಅವನಿಗೂ ಇದರಿಂದ ಕೀರ್ತಿಯೊಡನೆ ತೊಡಕೂ ಬಂದಿತು. ಜನ ಸಂಗೀತಕ್ಕಿಂತ ಇಂಥ ಆಟಗಳನ್ನೇ ಬಯಸಿದರು, ಅವನು ಬೇಸತ್ತನು. ಅವನ ನಿಜವಾದ ಶ್ರಮವನ್ನು ಕಾಣಬೇಕಾದರೆ 1968ರ ‘ಎಲೆಕ್ಟ್ರಿಕ್ ಲೇಡಿಲ್ಯಾಂಡ್’ ಧ್ವನಿಮುದ್ರಿಕೆಯನ್ನು ಕೇಳಬೇಕು.

1969ರ ಆಗಸ್ಟ್ 18ರ ಬೆಳಗ್ಗೆ ವುಡ್‌ಸ್ಟಾಕ್ ಉತ್ಸವದ ಕೊನೆಯ ಕಚೇರಿ ಅವನದಾಗಿತ್ತು. ನೆರೆದಿದ್ದ ಲಕ್ಷಾಂತರ ಜನರಲ್ಲಿ ಬಹುಪಾಲು ಮನೆಗೆ ಹೊರಟುಹೋಗಿದ್ದರು. ಅಲ್ಲಿ ಅವನು ಅಮೆರಿಕದ ರಾಷ್ಟ್ರಗೀತೆಯನ್ನು ಮಾತಿಲ್ಲದೆ ಗಿಟಾರಿನಲ್ಲಿಯೇ ನುಡಿಸಿದನು. ಯುದ್ಧರಂಗದಲ್ಲಿ ಹುಟ್ಟಿದ ಗೀತೆಯದು. ಸ್ವರಗಳ ನಡುವೆ ಬಾಂಬು ಬೀಳುವ ಸದ್ದು, ಚೀತ್ಕಾರ ಕೇಳಿಬಂದವು. ವಿಯೆಟ್ನಾಮಿನಲ್ಲಿ ಆಗ ಅಮೆರಿಕದ ತರುಣರು ಸಾಯುತ್ತಿದ್ದರು, ಕೊಲ್ಲುತ್ತಿದ್ದರು. ಇದು ರಾಷ್ಟ್ರಗೀತೆಗೆ ಮಾಡಿದ ಅವಮಾನವೆಂದು ಹಲವರು ಮುನಿದರು. ಒಂದು ಕಾಲಕ್ಕೆ ಅದೇ ದೇಶದ ಸೈನಿಕನಾಗಿದ್ದ ಹೆಂಡ್ರಿಕ್ಸ್, ತನಗೆ ಅದು ಸುಂದರವಾಗಿಯೇ ಕಂಡಿತೆಂದು ಶಾಂತವಾಗಿ ತಿಳಿಸಿದನು.

1970ರ ಆಗಸ್ಟ್ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ಅವನ ಸ್ವಂತ ಧ್ವನಿಮುದ್ರಣಾಲಯ ಆರಂಭವಾಯಿತು. ಅದರಲ್ಲಿ ಹೆಚ್ಚು ಕಾಲ ದುಡಿಯುವ ಯೋಗ ಅವನಿಗಿರಲಿಲ್ಲ. ಬಿಡುವಿಲ್ಲದ ಪ್ರವಾಸ, ನಿದ್ದೆಗೇಡು, ಮದ್ಯ ಮತ್ತು ಮಾದಕ ವಸ್ತುಗಳು ಅವನನ್ನು ಕುಗ್ಗಿಸಿದ್ದವು. ಸೆಪ್ಟೆಂಬರ್ 18ರಂದು, ಮಿತಿಮೀರಿ ನಿದ್ರೆಯ ಮಾತ್ರೆಗಳನ್ನು ನುಂಗಿ ಪ್ರಜ್ಞೆ ತಪ್ಪಿದ್ದ ಅವನು ವಾಂತಿಯಿಂದ ಉಸಿರುಕಟ್ಟಿ ಲಂಡನ್ನಿನಲ್ಲಿ ಸತ್ತನು. ಅವನಿಗೆ ಆಗ ಇಪ್ಪತ್ತೇಳು ವರ್ಷ. ಸಿಯಾಟಲ್ಲಿಗೆ ಸಮೀಪದ ರೆಂಟನ್ನಿನಲ್ಲಿ ಅವನನ್ನು ಸಮಾಧಿ ಮಾಡಿದರು. ಮಗನ ಸಂಗೀತದ ಹಕ್ಕುಗಳಿಗಾಗಿ ನ್ಯಾಯಾಲಯದ ಮೆಟ್ಟಿಲೇರಿದ ತಂದೆಗೆ ಅವು ಕೈಸೇರಿದ್ದು 1995ರಲ್ಲಿ.

ಲಂಡನ್ನಿನ ಬ್ರೂಕ್ ಬೀದಿಯಲ್ಲಿ ಹೆಂಡ್ರಿಕ್ಸ್ ಕೆಲಕಾಲ ವಾಸಿಸಿದ್ದ ಮನೆಯ ಪಕ್ಕದ ಮನೆ, ಹದಿನೆಂಟನೆಯ ಶತಮಾನದ ಮಹಾಸಂಗೀತಗಾರ ಹ್ಯಾಂಡಲನದು. ಜರ್ಮನಿಯಿಂದ ಬಂದ ಒಬ್ಬನೂ ಅಮೆರಿಕದಿಂದ ಬಂದ ಇನ್ನೊಬ್ಬನೂ ಇದ್ದ ಆ ಎರಡು ಮನೆಗಳನ್ನೂ ಈಗ ಒಂದೇ ವಸ್ತುಸಂಗ್ರಹಾಲಯವಾಗಿ ಕಾಪಾಡಿದ್ದಾರೆ.