ಪ್ರೀತಿಯನ್ನೇ ಕೆಲಸವಾಗಿಸಿಕೊಂಡ ಮೊಗ್ಲಿಂಗ್

ಜುಲೈ 1 ಬಂತೆಂದರೆ ರಾಜ್ಯದ ಎಲ್ಲೆಡೆ ಪತ್ರಿಕಾ ದಿನಾಚರಣೆ. ಕೆಪಿಎಸ್‌ಸಿ, ಪಿಡಿಒ, ಎಫ್‌ಡಿಎ ಎಂದು ಪರೀಕ್ಷೆಗಳಿಗೆ ಓದುತ್ತಿರುವ ಸ್ನೇಹಿತರಿಗೆ ಆ ದಿನದ ಹಿಂದಿರುವ ಪ್ರಶ್ನೋತ್ತರ ಬಾಯಿಪಾಠ. ಕನ್ನಡದ ಮೊದಲ ಪತ್ರಿಕೆ ಯಾವುದು? ಮಂಗಳೂರು ಸಮಾಚಾರ. ಯಾವ ವರ್ಷ? 1843. ಸಂಪಾದಕರು ಯಾರು? ಹರ್ಮನ್ ಮೊಗ್ಲಿಂಗ್. ಒಂದು ಅಂಕ ಬಂತು, ಮುಂದಿನ ಪ್ರಶ್ನೆಗೆ ಹೋದೆವು.

ಆದರೆ ಆ ಒಂದು ಅಂಕದ ಹಿಂದೆ ಒಂದು ಇಡೀ ಬದುಕಿದೆ. ಮೊಗ್ಲಿಂಗ್ ಪತ್ರಕರ್ತರಾಗಲು ಬಂದವರಲ್ಲ. ಅವರು ಕ್ರೈಸ್ತ ಪಾದ್ರಿ. ತಮ್ಮ ಧರ್ಮವನ್ನು ಬೋಧಿಸಲು ಜರ್ಮನಿಯಿಂದ ಕನ್ನಡ ನಾಡಿಗೆ ಬಂದವರು. ಆ ಬೋಧನೆ ಇಂದು ಹೆಚ್ಚಿನವರಿಗೆ ನೆನಪಿಲ್ಲ. ಉಳಿದಿರುವುದು ಅವರು ಜನರಿಗಾಗಿ ಮಾಡಿದ ಕೆಲಸ. ನಂಬಿಕೆ ಎನ್ನುವುದು ಬಾಯಲ್ಲಿರಬೇಕೋ ಕೈಯಲ್ಲಿರಬೇಕೋ ಎಂಬ ಪ್ರಶ್ನೆಗೆ ಅವರ ಜೀವನಕ್ಕಿಂತ ಒಳ್ಳೆಯ ಉತ್ತರ ನಮ್ಮ ನಾಡಿನ ಚರಿತ್ರೆಯಲ್ಲಿ ಹುಡುಕುವುದು ಕಷ್ಟ.

ಖಚಿತವಾಗಿದ್ದ ನೌಕರಿ ಬಿಟ್ಟು

ಮೊಗ್ಲಿಂಗ್ ಹುಟ್ಟಿದ್ದು 1811ರ ಮೇ 29ರಂದು, ದಕ್ಷಿಣ ಜರ್ಮನಿಯ ಬ್ರಾಕೆನ್‌ಹೈಮ್ ಎಂಬ ಪುಟ್ಟ ಪಟ್ಟಣದಲ್ಲಿ. ಓದಿದ್ದು ಹೆಸರಾಂತ ಟ್ಯೂಬಿಂಗೆನ್ ವಿಶ್ವವಿದ್ಯಾಲಯದಲ್ಲಿ ದೇವತಾಶಾಸ್ತ್ರ. ಆ ಕಾಲದಲ್ಲಿ ಅಲ್ಲಿ ಓದಿ ಬಂದವರಿಗೆ ಊರಿನ ಚರ್ಚಿನಲ್ಲಿ ಗೌರವದ ಹುದ್ದೆ, ಮನೆ, ಸಂಬಳ ಇರುತ್ತಿತ್ತು. ಈಗಿನ ಮಾತಿನಲ್ಲಿ ಹೇಳುವುದಾದರೆ ಕ್ಯಾಂಪಸ್ ಸೆಲೆಕ್ಷನ್ ಆದಂತೆಯೇ. ಮೊಗ್ಲಿಂಗ್ ಅದನ್ನು ಬಿಟ್ಟು ಸ್ವಿಟ್ಜರ್‌ಲೆಂಡಿನ ಬಾಸೆಲ್ ಮಿಷನ್ ಸೇರಿದರು. ಆ ಮಿಷನ್ನಿನ ಮೊದಲ ಮೂವರು 1834ರಲ್ಲಿ ಮಂಗಳೂರಿಗೆ ಬಂದಿಳಿದಿದ್ದರು. ಎರಡು ವರ್ಷದ ನಂತರ, 1836ರಲ್ಲಿ, 25ರ ಹರೆಯದ ಮೊಗ್ಲಿಂಗ್ ಬಂದರು. ಸೂಯೆಜ್ ಕಾಲುವೆ ಇನ್ನೂ ಇರಲಿಲ್ಲ. ತಿಂಗಳುಗಟ್ಟಲೆ ಪ್ರಯಾಣ. ಮರಳಿ ಮನೆ ನೋಡುತ್ತೇವೆಂಬ ಖಾತ್ರಿ ಯಾರಿಗೂ ಇರುತ್ತಿರಲಿಲ್ಲ.

ಬಂದವರಿಗೆ ಮೊದಲ ಕೆಲಸ ಕನ್ನಡ ಕಲಿಯುವುದು. ಇಂದು ನಮಗಿರುವಂತೆ ಕಲಿಕೆಯ ಆ್ಯಪ್ ಇಲ್ಲ, ಸುಲಭವಾಗಿ ಸಿಗುವ ಪುಸ್ತಕವೂ ಇಲ್ಲ. ಜನರ ಬಾಯಿಂದಲೇ ಕಲಿಯಬೇಕು. ಮೊಗ್ಲಿಂಗ್ ಧಾರವಾಡ, ಹುಬ್ಬಳ್ಳಿಯ ಕಡೆ ಸುತ್ತಿದರು, ಮಂಗಳೂರಿಗೆ ಮರಳಿ ಶಾಲೆ ನಡೆಸಿದರು. ಕನ್ನಡದ ಗಾದೆಗಳನ್ನು ಕಲೆಹಾಕಿದರು. ಗಾದೆಯನ್ನು ಯಾರೂ ಪುಸ್ತಕದಿಂದ ಕಲಿಯುವುದಿಲ್ಲ, ಜಗಲಿಯಲ್ಲಿ ಕೂತು ಕೇಳಿಯೇ ಕಲಿಯಬೇಕು. ಬೇರೆಯವರ ಮಾತನ್ನು ತಾಳ್ಮೆಯಿಂದ ಕೇಳುವುದೇ ಪ್ರೀತಿಯ ಮೊದಲ ಮೆಟ್ಟಿಲು ಎಂದು ನನಗೆ ಅನಿಸುವುದು ಇಲ್ಲಿಯೇ.

ಒಂದೇ ಸೂರು, ಒಂದೇ ಊಟ

ಅಂದು ಬಿಳಿಯರೆಂದರೆ ದೂರದ ಬಂಗಲೆ, ಆಳುಕಾಳು, ಬೇರೆ ಊಟ. ಮೊಗ್ಲಿಂಗ್ ತಮ್ಮ ಶಾಲೆಯ ಹುಡುಗರೊಂದಿಗೆ ಒಂದೇ ಸೂರಿನಡಿ ಇದ್ದರು, ಅವರ ಜೊತೆ ಊಟ ಮಾಡಿದರು. ಕೇಳಲು ಚಿಕ್ಕ ಸಂಗತಿ. ಆದರೆ ಯಾರ ಜೊತೆ ಕೂತು ಉಣ್ಣುತ್ತೇವೆ ಎನ್ನುವುದು ನಮ್ಮ ದೇಶದಲ್ಲಿ ಎಂದೂ ಚಿಕ್ಕ ವಿಷಯ ಆಗಿರಲಿಲ್ಲ. ಯಾವ ಯಾವ ಜಾತಿಯಿಂದಲೋ ಬಂದ ಬಡ ಹುಡುಗರ ಪಕ್ಕದಲ್ಲಿ ಗುರು ಕೂತು ಉಂಡರೆ, ಆ ಒಂದು ಊಟ ನೂರು ಉಪದೇಶಕ್ಕೆ ಸಮ. ಹೀಗೆ ಬೆಳೆದ ಶಿಕ್ಷಣದ ಕೆಲಸವೇ 1847ರಲ್ಲಿ ಬಲ್ಮಠದ ಸೆಮಿನರಿಯಾಯಿತು. ಇಂದಿನ ಕರ್ನಾಟಕ ಥಿಯಾಲಾಜಿಕಲ್ ಕಾಲೇಜಿನ ಮೂಲ ಅದು.

ಇಲ್ಲಿ ಒಂದು ಮಾತನ್ನು ಮುಚ್ಚಿಡಬಾರದು. 1844ರಲ್ಲಿ ಅವರ ಶಾಲೆಯ ವಿದ್ಯಾರ್ಥಿ, ಸಾರಸ್ವತ ಬ್ರಾಹ್ಮಣ ಮನೆತನದ ಆನಂದರಾವ್ ಕೌಂಡಿನ್ಯ ಕ್ರೈಸ್ತರಾದರು. ಮಂಗಳೂರಿನಲ್ಲಿ ದೊಡ್ಡ ಗದ್ದಲವಾಯಿತು. ಮಗ ದೂರವಾದ ಆ ಮನೆಯವರ ನೋವು ಸಣ್ಣದಲ್ಲ. ಮತಾಂತರ ಎಂಬ ಪದ ಇಂದಿಗೂ ನಮ್ಮಲ್ಲಿ ಬಿಸಿ ಏರಿಸುತ್ತದೆ. ಮೊಗ್ಲಿಂಗ್ ತಮ್ಮ ಧರ್ಮವೇ ಸತ್ಯ ಎಂದು ನಂಬಿದ್ದವರು, ಬೇರೆಯವರೂ ಅದಕ್ಕೆ ಬರಬೇಕೆಂದು ಬಯಸಿದ್ದವರು. ಅದನ್ನು ಅಲ್ಲಗಳೆದು ಅವರನ್ನು ಬರೀ ಕನ್ನಡ ಸೇವಕರೆಂದು ಹೊಗಳಿದರೆ ಸುಳ್ಳಾಗುತ್ತದೆ. ಹಾಗಿದ್ದರೆ ಕೇಳಬೇಕಾದ ಪ್ರಶ್ನೆ ಇದು. ಅವರ ಪ್ರೀತಿ ತಮ್ಮ ಕಡೆ ಬಂದವರಿಗೆ ಮಾತ್ರ ಮೀಸಲಾಗಿತ್ತೇ? ಮುಂದಿನ ಎರಡು ಕೆಲಸಗಳು ಅದಕ್ಕೆ ಉತ್ತರ ಕೊಡುತ್ತವೆ.

ಕಲ್ಲಿನ ಮೇಲೆ ಅರಳಿದ ಅಕ್ಷರ

ಮೊದಲನೆಯದು ಪತ್ರಿಕೆ. 1843ರ ಜುಲೈ 1ರಂದು ಮಂಗಳೂರು ಸಮಾಚಾರ ಹೊರಬಂತು. ಹದಿನೈದು ದಿನಕ್ಕೊಮ್ಮೆ ಬರುತ್ತಿದ್ದ, ನಾಲ್ಕು ಪುಟದ ಪತ್ರಿಕೆ. ಮುದ್ರಣವಾದದ್ದು ಕಲ್ಲಚ್ಚಿನಲ್ಲಿ. ಎಂಜಿನಿಯರಿಂಗ್ ಓದುವವರಿಗೆ ಅದರ ತಂತ್ರ ಖುಷಿ ಕೊಡುತ್ತದೆ. ಎಣ್ಣೆ ಮತ್ತು ನೀರು ಬೆರೆಯುವುದಿಲ್ಲ ಎಂಬ ಒಂದೇ ತತ್ವದ ಮೇಲೆ ಅದು ನಿಂತಿದೆ. ಜಿಡ್ಡಿನ ಶಾಯಿಯಲ್ಲಿ ಬರೆದದ್ದನ್ನು ನಯವಾದ ಸುಣ್ಣದ ಕಲ್ಲಿನ ಮೇಲೆ ಮೂಡಿಸುತ್ತಾರೆ. ಕಲ್ಲನ್ನು ಒದ್ದೆ ಮಾಡಿದರೆ ಬರಹವಿಲ್ಲದ ಜಾಗ ನೀರು ಹಿಡಿಯುತ್ತದೆ. ಆಮೇಲೆ ಶಾಯಿ ಸವರಿದರೆ ಅದು ಅಕ್ಷರಕ್ಕಷ್ಟೇ ಅಂಟುತ್ತದೆ. ಕಾಗದ ಒತ್ತಿದರೆ ಪುಟ ಸಿದ್ಧ. ಒತ್ತಕ್ಷರ, ಗುಣಿತ ಎಂದು ನೂರಾರು ಅಚ್ಚುಮೊಳೆ ಬೇಕಾಗುವ ಕನ್ನಡಕ್ಕೆ ಇದು ವರವಾಯಿತು. ಕೈಬರಹವೇ ಮುದ್ರಣವಾಯಿತು.

ಅದರಲ್ಲಿ ಏನಿತ್ತು? ಊರಿನ ವರ್ತಮಾನ, ಸರ್ಕಾರದ ನಿರೂಪಗಳು, ಬೇರೆ ರಾಜ್ಯಗಳ ಸುದ್ದಿ, ನೀತಿ, ಕತೆ. ಸರ್ಕಾರದ ಆಜ್ಞೆ ಕಚೇರಿಯ ಗುಮಾಸ್ತನ ಬಾಯಿಂದ ಕೇಳಿದಷ್ಟೇ ಗೊತ್ತಾಗುತ್ತಿದ್ದ ಕಾಲದಲ್ಲಿ ಅದನ್ನು ಕನ್ನಡದಲ್ಲಿ ಅಚ್ಚು ಹಾಕಿ ಜನರ ಕೈಗೆ ಕೊಡುವುದು ಎಂಥ ಉಪಕಾರ ಎಂದು ಯೋಚಿಸಿ. ಅದನ್ನು ಓದಲು ಯಾರೂ ಕ್ರೈಸ್ತರಾಗಬೇಕಿರಲಿಲ್ಲ. ಮಂಗಳೂರಿನಿಂದ ಬಂದದ್ದು ಬರೀ 16 ಸಂಚಿಕೆ. 1844ರಲ್ಲಿ ಪತ್ರಿಕೆ ಬಳ್ಳಾರಿಗೆ ಹೋಗಿ ಕನ್ನಡ ಸಮಾಚಾರ ಎಂಬ ಹೆಸರು ಪಡೆಯಿತು. ಲೆಕ್ಕದಲ್ಲಿ ಸಣ್ಣದು. ಆದರೆ ನಾವು ಇಂದು ಬೆಳಗ್ಗೆ ಕೈಗೆತ್ತಿಕೊಳ್ಳುವ ಪ್ರತಿಯೊಂದು ಕನ್ನಡ ಪತ್ರಿಕೆ ಆ ಸಾಲಿನಲ್ಲೇ ನಿಂತಿದೆ.

ಪರರ ಗ್ರಂಥಗಳ ಕಾವಲು

ಎರಡನೆಯ ಕೆಲಸ ಇನ್ನೂ ಅಚ್ಚರಿಯದು. 1848ರಿಂದ 1853ರವರೆಗೆ ಮೊಗ್ಲಿಂಗ್ ಬಿಬ್ಲಿಯೋಥಿಕಾ ಕರ್ನಾಟಿಕಾ ಎಂಬ ಗ್ರಂಥಮಾಲೆಯನ್ನು ಹೊರತಂದರು. ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಕಾಸಾಮೇಜರ್ ಎಂಬ ಅಧಿಕಾರಿ ಹಣ ಕೊಟ್ಟರು. ತಾಳೆಗರಿಯಲ್ಲಿ, ಕೈಬರಹದ ಕಟ್ಟುಗಳಲ್ಲಿ ಇದ್ದ ಕಾವ್ಯಗಳನ್ನು ಹುಡುಕಿ, ನಕಲು ಮಾಡಿಸಿ, ಅಚ್ಚು ಹಾಕಿಸಿದ್ದು ಮೊಗ್ಲಿಂಗ್. ಯಾವ ಕಾವ್ಯಗಳು? ಜೈಮಿನಿ ಭಾರತ, ತೊರವೆ ರಾಮಾಯಣ, ಬಸವ ಪುರಾಣ, ದಾಸರ ಪದಗಳು.

ಪಟ್ಟಿಯನ್ನು ಮತ್ತೊಮ್ಮೆ ಓದಿ. ವೈಷ್ಣವ ಕಾವ್ಯ ಇದೆ, ವೀರಶೈವ ಪುರಾಣ ಇದೆ, ಹರಿದಾಸರ ಹಾಡು ಇದೆ. ಕ್ರೈಸ್ತ ಗ್ರಂಥ ಒಂದೂ ಇಲ್ಲ. ಯಾರ ನಂಬಿಕೆಯನ್ನು ಬದಲಿಸಬೇಕೆಂದು ಬಂದರೋ ಅವರದೇ ಗ್ರಂಥಗಳನ್ನು ಗೆದ್ದಲಿನ ಬಾಯಿಂದ ಬಿಡಿಸಿ ಅಚ್ಚಿಗೆ ತಂದರು. ಈ ನೆಲದ ಜನರನ್ನು ಅರಿಯಬೇಕಾದರೆ ಅವರು ಹಾಡುವುದನ್ನು, ಓದುವುದನ್ನು ಅರಿಯಬೇಕು ಎಂಬ ಉದ್ದೇಶ ಅದರ ಹಿಂದೆ ಇತ್ತು ನಿಜ. ಆದರೆ ಅರಿಯುವುದಕ್ಕೆ ಒಂದು ಪ್ರತಿ ಸಾಕಿತ್ತು. ಅಚ್ಚು ಹಾಕಿಸಿ ಎಲ್ಲರಿಗೂ ಸಿಗುವಂತೆ ಮಾಡುವುದು ಗೌರವ ಇದ್ದವರು ಮಾಡುವ ಕೆಲಸ. ಜೈಮಿನಿ ಭಾರತದ ಲಕ್ಷ್ಮೀಶನ ದೇವನೂರು ಇರುವುದು ನಮ್ಮ ಚನ್ನಗಿರಿಗೆ ತೀರಾ ದೂರವಲ್ಲದ ಕಡೂರು ಸೀಮೆಯಲ್ಲಿ. ನಮ್ಮ ಕಡೆಯ ಹಳ್ಳಿಗಳಲ್ಲಿ ಹಿರಿಯರು ಶ್ರಾವಣದಲ್ಲಿ ಓದಿಸುತ್ತಿದ್ದ ಪುರಾಣವನ್ನು ಅಚ್ಚಿನಲ್ಲಿ ಉಳಿಸಿದವರಲ್ಲಿ ಜರ್ಮನಿಯ ಒಬ್ಬ ಪಾದ್ರಿಯೂ ಇದ್ದಾರೆ ಎಂದರೆ ಎಷ್ಟು ಜನ ನಂಬುತ್ತಾರೆ?

ಕೊಡಗಿನ ಕಡೆಗೆ

1852ರ ಕೊನೆಯ ಹೊತ್ತಿಗೆ ಮೊಗ್ಲಿಂಗ್ ತಾಯ್ನಾಡಿಗೆ ಮರಳುವ ಯೋಚನೆಯಲ್ಲಿದ್ದರು. ಆಗ ಕೊಡಗಿನಿಂದ ಅಲಮಂಡ ಸೋಮಯ್ಯ ಎಂಬವರು ಕ್ರೈಸ್ತರಾಗಬೇಕೆಂದು ಹುಡುಕಿಕೊಂಡು ಬಂದರು. ಹಾಗೆ ಆದರೆ ಕುಟುಂಬ, ಕುಲ ಎರಡೂ ದೂರವಾಗುವುದು ಖಂಡಿತ. ಆ ಮನುಷ್ಯನನ್ನು ಒಂಟಿಯಾಗಿ ಬಿಟ್ಟು ಹಡಗು ಹತ್ತಲು ಮೊಗ್ಲಿಂಗ್‌ಗೆ ಮನಸ್ಸು ಬರಲಿಲ್ಲ. ಪ್ರಯಾಣ ಬಿಟ್ಟು ಅವರ ಜೊತೆ ಕೊಡಗಿಗೆ ಹೋದರು, ಅಲ್ಲೇ ನೆಲೆಸಿದರು. ಕೊಡಗಿನ ಜನ, ಇತಿಹಾಸ, ಆಚಾರಗಳ ಕುರಿತು ಬರೆದ ಅವರ ಪುಸ್ತಕ 1855ರಲ್ಲಿ ಪ್ರಕಟವಾಯಿತು. ಕೊಡಗಿನ ಅರಸರ ಚರಿತ್ರೆಯಾದ ರಾಜೇಂದ್ರನಾಮೆಯನ್ನೂ 1857ರಲ್ಲಿ ಹೊರತಂದರು.

ಅಲ್ಲಿ ಅವರ ಕಣ್ಣಿಗೆ ಬಿದ್ದವರು ಇಂದು ನಾವು ದಲಿತರೆನ್ನುವ ಕೂಲಿ ಕುಟುಂಬಗಳು. ಅವರಲ್ಲಿ ಕೆಲವರು ಭೂಮಿಗೆ ಕಟ್ಟುಬಿದ್ದವರು, ಕೆಲವರು ಒಡೆಯನ ಮನೆಗೆ ಕಟ್ಟುಬಿದ್ದವರು. ಗದ್ದೆ ಮಾರಿದರೆ ಗದ್ದೆಯ ಜೊತೆ ಆಳೂ ಕೈ ಬದಲಾಗುವ ಪದ್ಧತಿ. ಇಂಥವರಿಗೆ ಸ್ವರ್ಗದ ಮಾತು ಹೇಳಿದರೆ ಸಾಲದು, ಕಾಲೂರಲು ಸ್ವಂತ ನೆಲ ಬೇಕು ಎಂದು ಮೊಗ್ಲಿಂಗ್‌ಗೆ ಅರ್ಥವಾಗಿತ್ತು. 1850ರ ದಶಕದ ಕೊನೆಯಲ್ಲಿ ಅಮ್ಮತ್ತಿಯ ಹತ್ತಿರ ಆನಂದಪುರ ಎಂಬ ನೆಲೆ ಎದ್ದಿತು. ಅದಕ್ಕೆ ಭೂಮಿ ಸಿಗಲು ನೆರವಾದವರು ಅದೇ ಆನಂದರಾವ್ ಕೌಂಡಿನ್ಯ, ಬಾಸೆಲ್‌ನಲ್ಲಿ ಓದಿ ಪಾದ್ರಿಯಾಗಿ ಮರಳಿದ್ದ ಆ ಹಳೆಯ ಶಿಷ್ಯ. ಮುಟ್ಟಿಸಿಕೊಳ್ಳಬಾರದೆಂದು ಕಲಿತ ಮನೆಯಲ್ಲಿ ಹುಟ್ಟಿದವರು, ಮುಟ್ಟಲಾಗದವರೆನಿಸಿಕೊಂಡವರಿಗೆ ನೆಲ ಕೊಡಿಸಿದರು.

ಸ್ವಂತ ಬದುಕಿನಲ್ಲೂ ಮೊಗ್ಲಿಂಗ್ ಹಾಗೆಯೇ ನಡೆದರು. ಅವರ ಬಂಧುವೂ ಸಹೋದ್ಯೋಗಿಯೂ ಆಗಿದ್ದ ಗಾಟ್‌ಫ್ರೀಡ್ ವೈಗ್ಲೆ 1855ರಲ್ಲಿ ತೀರಿಕೊಂಡರು. ಮೊಗ್ಲಿಂಗ್ ಅವರ ವಿಧವೆ ಪೌಲೀನ್‌ರನ್ನು ಮದುವೆಯಾಗಿ, ಗೆಳೆಯನ ಮಕ್ಕಳಿಗೆ ತಂದೆಯಾದರು. 1858ರಲ್ಲಿ ಟ್ಯೂಬಿಂಗೆನ್ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು. ಆದರೆ 1860ರಲ್ಲಿ ಪತ್ನಿಯ ಅನಾರೋಗ್ಯದಿಂದ ಕೊಡಗಿನ ಕೆಲಸವನ್ನು ಅರ್ಧಕ್ಕೇ ಬಿಟ್ಟು ಜರ್ಮನಿಗೆ ಹೊರಡಬೇಕಾಯಿತು. ಮತ್ತೆ ಅವರು ಈ ನಾಡನ್ನು ನೋಡಲಿಲ್ಲ. 1881ರ ಮೇ 10ರಂದು, 70 ತುಂಬಲು ಕೆಲವೇ ದಿನಗಳಿರುವಾಗ, ಎಸ್ಲಿಂಗೆನ್ ಎಂಬ ಊರಿನಲ್ಲಿ ಕೊನೆಯುಸಿರೆಳೆದರು.

ನಮಗೇನು ಉಳಿಯಿತು?

ಅವರು ಶುರು ಮಾಡಿದ ಹಲವು ಕೆಲಸ ಮುಗಿಸಿದ್ದು ಬೇರೆಯವರು. 1853ರಲ್ಲಿ ಬಂದ ಫರ್ಡಿನಾಂಡ್ ಕಿಟೆಲ್ ಕನ್ನಡ ಸಾಹಿತ್ಯದ ಕೆಲಸವನ್ನು ಮುಂದುವರಿಸಿ 1894ರಲ್ಲಿ ಸುಮಾರು 70 ಸಾವಿರ ಪದಗಳ ನಿಘಂಟು ಕೊಟ್ಟರು. ಕ್ರೈಸ್ತರಾಗಿ ಜಾತಿಯ ಜೊತೆ ಕಸುಬನ್ನೂ ಕಳೆದುಕೊಂಡವರಿಗೆ ಅನ್ನದ ದಾರಿಯಾಗಿ ಮಿಷನ್ನಿನವರು ನೇಯ್ಗೆ ಮಗ್ಗ ಹಾಕಿದರು. 1865ರಲ್ಲಿ ಜೆಪ್ಪುವಿನಲ್ಲಿ ಪ್ಲೆಬ್ಸ್ಟ್ ಎಂಬವರು ಹೆಂಚಿನ ಕಾರ್ಖಾನೆ ಆರಂಭಿಸಿದರು. ನಮ್ಮ ಕತ್ತಲಗೆರೆಯ ಕಡೆಯ ಹಳೆಯ ಮನೆಗಳ ಮೇಲೆ ಕಾಣುವ ಮಂಗಳೂರು ಹೆಂಚಿನ ಕತೆ ಹೀಗೆ ಶುರುವಾದದ್ದು. ಕೆಲಸ ಕೊಡುವುದೂ ಪ್ರೀತಿಯ ಒಂದು ರೂಪ ಎನ್ನುವುದು ಕೆಲಸ ಹುಡುಕುತ್ತಿರುವ ನಮ್ಮ ವಯಸ್ಸಿನವರಿಗೆ ಬೇಗ ಅರ್ಥವಾಗುತ್ತದೆ.

ನೆರೆಯವನನ್ನು ತನ್ನಂತೆ ಪ್ರೀತಿಸಬೇಕು ಎನ್ನುವುದು ಯೇಸುವಿನ ಬೋಧನೆಯ ತಿರುಳು. ನೆರೆಯವನು ಎಂದರೆ ನಮ್ಮವನೇ ಆಗಬೇಕಿಲ್ಲ ಎನ್ನುವುದೂ ಆ ಬೋಧನೆಯಲ್ಲೇ ಇದೆ. ಮೊಗ್ಲಿಂಗ್ ಎಲ್ಲದರಲ್ಲೂ ಸರಿ ಎಂದು ಯಾರೂ ಒಪ್ಪಬೇಕಾಗಿಲ್ಲ. ಆದರೆ ಅವರು ಪ್ರೀತಿಯನ್ನು ಭಾವನೆಯಾಗಿ ಇಟ್ಟುಕೊಳ್ಳದೆ ದಿನದ ಕೆಲಸವನ್ನಾಗಿ ಮಾಡಿಕೊಂಡರು. ಭಾಷೆ ಕಲಿತರು, ಜೊತೆಗೆ ಉಂಡರು, ಕಲ್ಲಿನ ಮೇಲೆ ಅಚ್ಚು ಹಾಕಿಸಿದರು, ನೆಲಕ್ಕಾಗಿ ಓಡಾಡಿದರು. ಇವುಗಳಲ್ಲಿ ಬಹುಪಾಲು ಬೇಸರ ತರುವ, ಬೆನ್ನು ನೋಯಿಸುವ, ಚಪ್ಪಾಳೆ ಸಿಗದ ಕೆಲಸ. ಪ್ರೀತಿಯ ನಿಜವಾದ ಪರೀಕ್ಷೆ ಅಲ್ಲಿಯೇ.

ನಾವು ಯಾವ ದೇವರನ್ನಾದರೂ ನಂಬೋಣ, ನಂಬದೆಯೂ ಇರೋಣ. ನಮ್ಮ ಕಾಲೇಜುಗಳ ಹೊಸ ಕಟ್ಟಡಕ್ಕೆ ಇಟ್ಟಿಗೆ ಹೊರಲು ಬಿಹಾರ, ಒಡಿಶಾದಿಂದ ಬಂದವರಿದ್ದಾರೆ. ಅವರ ಭಾಷೆಯ ನಾಲ್ಕು ಮಾತು ನಮಗೆ ಬರುತ್ತದೆಯೇ? ಬೇರೆ ಧರ್ಮದ ಗೆಳೆಯನ ಮನೆಯಲ್ಲಿ ನಾವು ಕೊನೆಯ ಸಲ ಉಂಡದ್ದು ಯಾವಾಗ? ಹಳ್ಳಿಯಿಂದ ಬಂದು ಇಂಗ್ಲಿಷಿಗೆ ಹೆದರುವ ಜೂನಿಯರ್‌ಗೆ, ಅವನು ನಮ್ಮ ಗುಂಪಿಗೆ ಸೇರಲಿ ಬಿಡಲಿ, ವಾರಕ್ಕೆ ಒಂದು ಗಂಟೆ ಪಾಠ ಹೇಳಿಕೊಡಬಲ್ಲೆವೇ? ಇವಕ್ಕೆ ಹಡಗು ಹತ್ತಬೇಕಿಲ್ಲ. ಮುಂದಿನ ಪರೀಕ್ಷೆಯಲ್ಲಿ ಮಂಗಳೂರು ಸಮಾಚಾರದ ಪ್ರಶ್ನೆ ಬಂದರೆ ಖಂಡಿತ ಟಿಕ್ ಮಾಡಿ, ಆ ಅಂಕ ನಿಮ್ಮದಾಗಲಿ. ಉಳಿದ ಈ ಪ್ರಶ್ನೆಗಳಿಗೆ ಆಯ್ಕೆಗಳನ್ನು ಯಾರೂ ಕೊಡುವುದಿಲ್ಲ. ಉತ್ತರವನ್ನು ನಾವೇ ಬರೆಯಬೇಕು.